ಬೆನ್ನ ಹಿಂದೆ ಕೂಗುವವನು

ಬೆಳಗಿನ ಐದೂವರೆ. ವಿಲಾಕೊಯೊದ ಮೈದಾನದ ಮೇಲೆ ಇಬ್ಬನಿ ಗಡ್ಡೆ ಕಟ್ಟಿ ಉಪ್ಪು ಚೆಲ್ಲಿದ ಹಾಗೆ ಬೆಳ್ಳಗಿದೆ. ತವರದ ಗಣಿಯ ಮೊದಲ ಪಾಳಿಯವರು ದವಡೆಯಲ್ಲಿ ಕೋಕಾ ಎಲೆ ಒತ್ತಿಕೊಂಡು ಗೋಡೆಯಾಚೆ ನಡೆದು ಹೋಗುತ್ತಿದ್ದಾರೆ. ಮೈದಾನದಲ್ಲಿ ಒಬ್ಬನೇ ಒಬ್ಬ. ಗೋಡೆಗೆ ಚೆಂಡು ಒದೆಯುತ್ತಾನೆ, ಅದು ಎತ್ತರಕ್ಕೆ ಪುಟಿದು ಬಂದಾಗ ಹಣೆಯಿಂದ ಗುದ್ದುತ್ತಾನೆ. ದಿನಕ್ಕೆ ಎಂಬತ್ತು ಸಲ.

ಆ ಬಿಳುಪಿನಲ್ಲಿ ಅವನ ಹೆಜ್ಜೆಗಳನ್ನು ಬಿಟ್ಟರೆ ಕಪ್ಪಾಗಿರುವುದು ಎರಡೇ ಜಾಗ. ಗೋಲಿನ ಗೆರೆಯ ಮುಂದೆ, ಅಂಗಾಲಿನಷ್ಟು ಉದ್ದದ ಎರಡು ಗುರುತು, ಯಾರೋ ಕಾಲು ಅಗಲಿಸಿ ನಿಂತಿದ್ದ ಹಾಗೆ. ಅಲ್ಲಿಗೆ ಹೋದ ಹೆಜ್ಜೆಯಿಲ್ಲ, ಅಲ್ಲಿಂದ ಬಂದ ಹೆಜ್ಜೆಯೂ ಇಲ್ಲ.

"ಅದೇನದು?" ಎಂದು ಕೇಳುತ್ತೇನೆ.

"ಅಲ್ಲಿ ಇಬ್ಬನಿ ಕೂರಲ್ಲ, ಪೇಪರಿನವ್ರೇ. ನೆಲ ಬಿಸಿ ಇರ್ಬೇಕು," ಎನ್ನುತ್ತಾನೆ, ಆ ಕಡೆ ತಿರುಗದೆ. ನಾನು ಕೈಯಿಟ್ಟು ನೋಡುತ್ತೇನೆ. ನೆಲ ಬಿಸಿಯಿಲ್ಲ.

ಇವನ ಹೆಸರು ಅರ್ಸೇನಿಯೊ ಬಿಯಾಲ್ಬಾ. ವಯಸ್ಸು ಮೂವತ್ತೇಳು. ಪರಗ್ವೆಯ ಕೆಂಪು ಮಣ್ಣಿನಿಂದ ಮೂರು ದಿನ ಬಸ್ಸಿನಲ್ಲಿ ಕೂತು ಬೊಲಿವಿಯಾದ ಈ ಬೆಟ್ಟದೂರಿಗೆ ಬಂದು ಹನ್ನೊಂದು ವರ್ಷವಾಯಿತು. ನಮ್ಮೂರಿನ ಫುಟ್‌ಬಾಲ್ ತಂಡ ಎಸ್ತಾನ್ಯೊದ ಡಿಫೆಂಡರ್. ಆಡಿದ ಪಂದ್ಯ ಮುನ್ನೂರ ಹನ್ನೆರಡು, ಹೊಡೆದ ಗೋಲು ನಾಲ್ಕು, ಹಣೆಗೆ ಬಿದ್ದ ಹೊಲಿಗೆ ಇಪ್ಪತ್ತಾರು. ಗೋಲು ಹೊಡೆದವರ ಫೋಟೊಗಳನ್ನು ನಾನೂ ಬೇಕಾದಷ್ಟು ಹಾಕಿಸಿದ್ದೇನೆ. ಆಗದಂತೆ ತಡೆದ ಗೋಲಿಗೆ ಫೋಟೊ ಎಲ್ಲಿಂದ ಬರಬೇಕು? ಇವನ ಬಗ್ಗೆ ಇಷ್ಟು ವರ್ಷ ಒಂದು ಸಾಲೂ ಬರೆಯದಿದ್ದದ್ದು ನನ್ನದೇ ತಪ್ಪು, ಒಪ್ಪಿಕೊಳ್ಳುತ್ತೇನೆ.

ನಮ್ಮೂರಿನ ಎತ್ತರದಲ್ಲಿ ಗಾಳಿ ತೆಳು. ಬಂದ ಹೊಸದರಲ್ಲಿ ಒಂದು ತಿಂಗಳು ಅವನು ಗೆರೆಯಾಚೆ ಕೂತು ವಾಂತಿ ಮಾಡಿದ್ದೇ ಹೆಚ್ಚು. ಚೆಂಡು ಇಲ್ಲಿ ಕಣ್ಣು ಮಿಟುಕಿಸುವಷ್ಟರಲ್ಲಿ ತಲೆ ದಾಟಿರುತ್ತದೆ. ಹಿಂದೆ ತಿರುಗಿ ನೋಡಲು ಪುರುಸೊತ್ತಿಲ್ಲ. ಆದ್ದರಿಂದ ಇಲ್ಲಿನ ಡಿಫೆಂಡರ್‌ಗಳು ಗೋಲ್‌ಕೀಪರನ ದನಿ ನಂಬಿ ಆಡುತ್ತಾರೆ. ಅವನು "ಬಂದೆ!" ಎಂದು ಕೂಗಿದರೆ ಚೆಂಡು ಅವನದು, ತಲೆ ತಗ್ಗಿಸಬೇಕು. ಕೂಗದಿದ್ದರೆ ಗುದ್ದಬೇಕು.

ಅರ್ಸೇನಿಯೊಗೆ ಇದು ಬೇಗ ಕೈಹತ್ತಿತು. "ನಮ್ಮಜ್ಜಿ ಹೇಳ್ತಿದ್ಲು, ಬೆನ್ನ ಹಿಂದೆ ಏನೇ ಕೇಳಿದ್ರೂ ತಿರುಗ್ಬೇಡ, ತಿರುಗಿದ್ರೆ ಅದು ನಿನ್ನ ಜೊತೆ ಮನೆಗೆ ಬರುತ್ತೆ ಅಂತ. ಕಾಡಿನ ಪಕ್ಕದ ಊರು ನಮ್ದು. ಅಭ್ಯಾಸ ಆಗೋಗಿತ್ತು."

ಆಗ ಅವನ ಬೆನ್ನ ಹಿಂದೆ ನಿಲ್ಲುತ್ತಿದ್ದವನು ಫೋರ್ತುನಾತೊ ಚೋಕೆ. ಬೆಳಗ್ಗೆ ಗಣಿ, ಮಧ್ಯಾಹ್ನ ಗೋಲು. ಸುರಂಗದ ದೂಳು ತಿಂದು ತಿಂದು ಗೊಗ್ಗರಾದ ಗಂಟಲು. ಅರ್ಸೇನಿಯೊ ಈ ಚಳಿಯಲ್ಲೂ ತನ್ನೂರಿನವರ ಹಾಗೆ ಸೊಪ್ಪಿನ ಪುಡಿಗೆ ತಣ್ಣೀರು ಹುಯ್ದು ಹೀರುವುದನ್ನು ಕಂಡು, "ಏಯ್ ಪರಗ್ವೆ, ಐಸ್ ಕಡಿದು ಕೊಡ್ಲಾ?" ಎಂದು ಮೊದಲ ದಿನವೇ ಕಾಲೆಳೆದವನು. ಆಮೇಲೆ ಅವನೇ ಕರೆದು ತನ್ನ ಮಗಳ ದೀಕ್ಷಾಸ್ನಾನಕ್ಕೆ ಇವನನ್ನು ಧರ್ಮತಂದೆಯಾಗಿ ನಿಲ್ಲಿಸಿದ. ಅಂದಿನಿಂದ ಇಬ್ಬರೂ ಒಬ್ಬರಿಗೊಬ್ಬರು ಕೊಂಪಾದ್ರೆ, ಆ ಮಗುವಿನ ಮೂಲಕ ನೆಂಟರು; ಅವನ ಹೆಂಡತಿ ಇವನಿಗೆ ಕೊಮಾದ್ರೆ.

ಎರಡೂವರೆ ವರ್ಷದ ಹಿಂದೆ ಸುರಂಗ ಕುಸಿದು ಫೋರ್ತುನಾತೊ ಸತ್ತ. ಎಂಟನೆಯ ದಿನ ನಮ್ಮ ಪದ್ಧತಿಯಂತೆ ಎಲ್ಲರೂ ಹೊಳೆಗೆ ಹೋಗಿ ಅವನ ಬಟ್ಟೆ ಒಗೆದೆವು, ಅವನ ಮೈಗೆ ತಾಗಿದ ಉಳಿದ ವಸ್ತುಗಳನ್ನೆಲ್ಲ ಸುಟ್ಟೆವು. ಬೂಟು ಉರಿಯಿತು, ಗಣಿಯ ಟೋಪಿ ಉರಿಯಿತು. ಗೋಲಿನ ಕೈಗವಸು ಮಾತ್ರ ಸಿಗಲಿಲ್ಲ. ಹೆಂಡತಿ ದೋನ್ಯಾ ಹಸಿಂತಾ ಎಲ್ಲರನ್ನೂ ಕೇಳಿದಳು. ಅರ್ಸೇನಿಯೊನನ್ನೂ ಕೇಳಿದಳು. ಅವನು ಇಲ್ಲವೆಂದು ತಲೆಯಾಡಿಸಿದ.

ಹೊಸ ಗೋಲ್‌ಕೀಪರ್ ವಿಲ್ದೆರ್ ಕಾಯೊ ಒಳ್ಳೆಯ ಆಟಗಾರನೇ, ಆದರೆ ಬಾಯಿಲ್ಲದವನು ಎಂದು ಊರೇ ಬೈಯುತ್ತದೆ. ಬಾಯಿಲ್ಲದ ಗೋಲ್‌ಕೀಪರನ ಮುಂದೆ ಅರ್ಸೇನಿಯೊ ಮೂರು ಹಂಗಾಮು ಒಂದು ತಪ್ಪಿಲ್ಲದೆ ಹೇಗೆ ಆಡಿದ ಎಂದು ಯಾರೂ ಕೇಳಲಿಲ್ಲ. ನಾನೂ ಕೇಳಲಿಲ್ಲ. ಹೋದ ತಿಂಗಳ ಕೊನೆಯ ಭಾನುವಾರ ಆ ತಪ್ಪು ಆಯಿತು. ಎತ್ತರದ ಚೆಂಡು ಬಂತು, ಅರ್ಸೇನಿಯೊ ತಲೆ ತಗ್ಗಿಸಿದ, ಚೆಂಡು ಅವನ ಕೂದಲು ಸವರಿಕೊಂಡು ಬಲೆಗೆ ಬಿತ್ತು. ಜನ ಕಿತ್ತಳೆ ಸಿಪ್ಪೆ ಎಸೆದರು. "ಪರಗ್ವೆ, ನಿದ್ದೆ ಬಂತಾ?" ಎಂದು ಕೂಗಿದರು.

ಆ ಸಂಜೆ ಅವನ ಕೋಣೆಗೆ ಹೋದೆ. ಮಂಚದ ಕೆಳಗಿನ ಪೆಟ್ಟಿಗೆ ಎಳೆದು, ಟವೆಲಿನಲ್ಲಿ ಸುತ್ತಿದ್ದ ಕೈಗವಸು ಬಿಚ್ಚಿ ತೋರಿಸಿದ. ಎರಡೂವರೆ ವರ್ಷದ ಹಳೆಯ ಕೈಗವಸಿನ ಅಂಗೈಗೆ ಹಸಿ ಮಣ್ಣು ಹತ್ತಿತ್ತು.

"ನೆನಪಿಗೆ ಅಂತ ಇಟ್ಕೊಂಡೆ," ಎಂದ. "ಅವನು ಹೋದ್ಮೇಲೆ ಮೊದಲನೇ ಪಂದ್ಯದಲ್ಲೇ ಕೇಳಿಸ್ತು. 'ಬಂದೆ!' ಅಂತ. ಅದೇ ಗಂಟಲು. ಹೆದರಿಕೆ ಆಗ್ಲಿಲ್ಲ, ದೇವರಾಣೆ. ಸಮಾಧಾನ ಆಯ್ತು. ಮೂರು ಹಂಗಾಮು ಅವನು ಹೇಳಿದ್ದು ಒಂದೂ ಸುಳ್ಳಾಗ್ಲಿಲ್ಲ."

"ಇವತ್ತು?"

"ಇವತ್ತೂ 'ಬಂದೆ' ಅಂದ. ಬರ್ಲಿಲ್ಲ. ಆಯಾಸ ಆಗಿದೆ ಅವನಿಗೆ. ದನಿಯಲ್ಲೇ ಗೊತ್ತಾಗ್ತಿತ್ತು."

ನಮ್ಮಲ್ಲಿ ಸತ್ತವರು ಮೂರು ನವೆಂಬರ್ ಮನೆಗೆ ಬಂದು ಹೋಗುತ್ತಾರೆ. ಒಂದನೇ ತಾರೀಕು ಮಧ್ಯಾಹ್ನ ಹನ್ನೆರಡಕ್ಕೆ ಬರುತ್ತಾರೆ, ಎರಡನೇ ತಾರೀಕು ಹನ್ನೆರಡಕ್ಕೆ ಹೊರಡುತ್ತಾರೆ. ಮೂರನೆಯ ಸಲ ಹೊರಟವರಿಗೆ ಮತ್ತೆ ಎಲೆ ಹಾಕುವುದಿಲ್ಲ. ಫೋರ್ತುನಾತೊಗೆ ಇದು ಮೂರನೆಯದು. ಅವನ ವಸ್ತು ಒಂದೇ ಒಂದು ಈ ಕಡೆ ಉಳಿದರೂ ಅವನಿಗೆ ದಾರಿಯಿಲ್ಲ. ಇಷ್ಟು ಅರ್ಸೇನಿಯೊಗೂ ಗೊತ್ತು.

"ಕೊಟ್ರೆ ನಾನು ಕುರುಡ," ಎಂದ. "ಇನ್ನೊಂದು ಸಲ ತಲೆ ತಗ್ಗಿಸಿ ಗೋಲು ಬಿಟ್ರೆ ಮನೆಗೆ ಕಳಿಸ್ತೀವಿ ಅಂದಿದ್ದಾರೆ ತಂಡದವ್ರು. ಕೊಡ್ದಿದ್ರೆ ಅವನು ಅಲ್ಲೇ ಗೆರೆ ಮೇಲೆ, ಆ ಚಳಿಯಲ್ಲಿ." ಕೈಗವಸನ್ನು ಮತ್ತೆ ಟವೆಲಿನಲ್ಲಿ ಸುತ್ತಿದ. ಕೊಡುತ್ತಾನೋ ಇಲ್ಲವೋ ಎಂದು ನನಗೂ ತಿಳಿಯಲಿಲ್ಲ.

ನವೆಂಬರ್ ಎರಡು. ದೋನ್ಯಾ ಹಸಿಂತಾಳ ಮನೆಯಲ್ಲಿ ಕಪ್ಪು ಬಟ್ಟೆ ಹಾಸಿದ ಮೇಜು. ಒಣಗಿಸಿದ ಲಾಮಾ ಮಾಂಸ, ಬೇಯಿಸಿದ ಜೋಳ, ಸತ್ತವರು ಹತ್ತಿ ಹೋಗಲೆಂದು ಸುಟ್ಟ ರೊಟ್ಟಿಯ ಏಣಿ. ಹಸಿಂತಾಳ ಕಣ್ಣಲ್ಲಿ ನಿದ್ದೆಯಿಲ್ಲ.

"ಎರಡೂವರೆ ವರ್ಷದಿಂದ ಕನಸಿಗೆ ಬರ್ತಾನೆ," ಎನ್ನುತ್ತಾಳೆ. "ಊಟ ಬಡಿಸ್ತೀನಿ, ತಿನ್ನಲ್ಲ. ಕೈ ಬೆನ್ನ ಹಿಂದೆ ಇಟ್ಕೊಂಡಿರ್ತಾನೆ. ತೋರ್ಸು ಅಂದ್ರೆ ತೋರ್ಸಲ್ಲ."

ಹನ್ನೆರಡಕ್ಕೆ ಹತ್ತು ನಿಮಿಷವಿದೆ ಎನ್ನುವಾಗ ಅರ್ಸೇನಿಯೊ ಬಾಗಿಲಲ್ಲಿ ನಿಲ್ಲುತ್ತಾನೆ. ಟವೆಲು ಬಿಚ್ಚುತ್ತಾನೆ.

"ಕೊಂಪಾದ್ರೆ," ಎನ್ನುತ್ತಾಳೆ ಹಸಿಂತಾ, ಮೆಲ್ಲಗೆ. "ಇಷ್ಟು ದಿನ ನನ್ನ ಗಂಡನ ಕೈ ನಿನ್ನ ಹತ್ರ ಇತ್ತಾ?"

"ಹೌದು, ಕೊಮಾದ್ರೆ."

ಅವಳು ಹೊಡೆಯುತ್ತಾಳೆ ಅಂದುಕೊಂಡೆ. ಹೊಡೆಯಲಿಲ್ಲ. ಅಂಗಳದ ಬೆಂಕಿ ತೋರಿಸಿ, "ನೀನೇ ಹಾಕು, ನೀನೇ ಕಳಿಸು," ಎಂದಳು. ಕೈಗವಸು ತಕ್ಷಣ ಹೊತ್ತಿಕೊಳ್ಳಲಿಲ್ಲ. ಬೆರಳುಗಳು ನಿಧಾನವಾಗಿ ಒಳಕ್ಕೆ ಮಡಚಿಕೊಂಡವು, ಚೆಂಡು ಹಿಡಿದವನ ಹಾಗೆ. ಆಮೇಲೆ ಉರಿದವು. ಅರ್ಸೇನಿಯೊ ಮುಖ ಮುಚ್ಚಿಕೊಳ್ಳದೆ ಅತ್ತ. ಹನ್ನೆರಡಾಯಿತು; ಹಸಿಂತಾ ಮೇಜು ಖಾಲಿ ಮಾಡಿ ಕಪ್ಪು ಬಟ್ಟೆ ಮಡಚಿದಳು.

ಮರುದಿನ ಬೆಳಗಿನ ಐದೂವರೆ. ಮೈದಾನ ಬಿಳಿ. ಗೋಲಿನ ಮುಂದೆಯೂ ಬಿಳಿ, ಒಂದು ಚುಕ್ಕಿಯಿಲ್ಲದೆ. ವಿಲ್ದೆರ್ ಬಂದು ಗೆರೆಯ ಮೇಲೆ ನಿಲ್ಲುತ್ತಾನೆ. ನಾನೇ ಚೆಂಡು ಎತ್ತಿ ಒದೆಯುತ್ತೇನೆ. ಅದು ಮೇಲೇರಿ ಇಳಿಯುತ್ತದೆ. ಯಾರೂ ಕೂಗುವುದಿಲ್ಲ. ಅರ್ಸೇನಿಯೊ ಹನ್ನೊಂದು ವರ್ಷದಲ್ಲಿ ಮೊದಲ ಸಲ ತಿರುಗಿ ಹಿಂದೆ ನೋಡುತ್ತಾನೆ. ಚೆಂಡು ಅವನ ಭುಜಕ್ಕೆ ಬಡಿದು ಉರುಳುತ್ತದೆ.

"ಕೂಗೋ ಮಾರಾಯ! ಬಾಯಿಲ್ವಾ ನಿನಗೆ?" ಎಂದು ರೇಗುತ್ತಾನೆ.

"ಇದೆ, ಅಣ್ಣಾ," ಎನ್ನುತ್ತಾನೆ ವಿಲ್ದೆರ್. "ಹಿಂದಿನ ತಂಡದಲ್ಲಿ ಎಲ್ರಿಗಿಂತ ಜೋರಾಗಿ ಕೂಗ್ತಿದ್ದೋನು ನಾನು. ಇಲ್ಲಿ ನಾನು ಬಾಯಿ ತೆಗೆಯೋ ಮುಂಚೆನೇ ಯಾರೋ ಕೂಗ್ತಿದ್ರು. ನನ್ನ ಪಕ್ಕದಲ್ಲೇ. ಯಾರಿಗೆ ಹೇಳ್ಲಿ?"

ಅರ್ಸೇನಿಯೊ ಚೆಂಡನ್ನು ನನ್ನ ಕಡೆ ಉರುಳಿಸುತ್ತಾನೆ. ಮತ್ತೆ ಚೆಂಡು ಒದೆಯುತ್ತೇನೆ. "ಬಂದೆ!" ಎಂದು ವಿಲ್ದೆರ್ ಕೂಗುತ್ತಾನೆ, ಸೀಳು ದನಿಯಲ್ಲಿ, ಅರ್ಧ ಹೆದರಿಕೊಂಡು. ಅರ್ಸೇನಿಯೊ ತಲೆ ತಗ್ಗಿಸುತ್ತಾನೆ. ಚೆಂಡು ವಿಲ್ದೆರನ ಕೈ ಸೇರುತ್ತದೆ.

ಏನಾದರೂ ಆಸೆಯಿದೆಯೇ ಎಂದು ಕೊನೆಗೆ ಕೇಳುತ್ತೇನೆ. ಇಂಥ ಲೇಖನಗಳಿಗೆ ಕೇಳಲೇಬೇಕಾದ ಪ್ರಶ್ನೆ. ಅವನು ಬೂಟಿನ ದಾರ ಬಿಚ್ಚುತ್ತಾ ಯೋಚಿಸುತ್ತಾನೆ.

"ಇಲ್ಲೇ ಸತ್ರೆ, ಎಂಟನೇ ದಿನ ಈ ಬೂಟು ಎಣಿಸಿ ಸುಡಿ. ಎರಡೂ ಇದಾವಾ ನೋಡ್ಕೊಳ್ಳಿ," ಎನ್ನುತ್ತಾನೆ. "ಈ ವಿಲ್ದೆರ್ ಒಂದು ಬಚ್ಚಿಡ್ತಾನೆ. ನನಗೆ ಗೊತ್ತು."