ಅತ್ತೆ ತಡೆದುಕೊಂಡಿದ್ದ ನಗು

ವರ್ಷಕ್ಕೊಮ್ಮೆಯಾದರೂ ಆ ಹಳೇ ಇಂಗ್ಲಿಷ್ ಕಾದಂಬರಿಯನ್ನು ತೆಗೆದು ಓದುತ್ತೇನೆ. ಹೆಣ್ಣುಮಕ್ಕಳಿಗೆ ಗಂಡು ಹುಡುಕುವ ತಾಯಂದಿರು, ಚಹಾ ಕುಡಿಯುತ್ತ ಒಬ್ಬರನ್ನೊಬ್ಬರು ಅಳೆಯುವ ನೆಂಟರು, ಇಷ್ಟೇ ಅದರ ಕಥೆ. ಅದರಲ್ಲಿ ಅಂಥದ್ದೇನಿದೆ ಎಂದು ಕೇಳಿದವರಿಗೆ, ನಗು ಬರುತ್ತದೆ ಎನ್ನುತ್ತೇನೆ. ಭಯವೂ ಆಗುತ್ತದೆ ಎಂದು ಹೇಳುವುದಿಲ್ಲ.

ತೊಂಬತ್ತರ ದಶಕದಲ್ಲಿ ತಿಪಟೂರಿನಲ್ಲಿ ಬಿ.ಎ. ಓದುವಾಗ ಅದು ನನಗೆ ಪಠ್ಯವಾಗಿತ್ತು. ನಮ್ಮೂರು ತುರುವೇಕೆರೆಯ ಹತ್ತಿರ. ಗಂಡ ಸತ್ತ ಮೇಲೆ ತವರಿಗೆ ಬಂದಿದ್ದ ಅಪ್ಪನ ತಂಗಿ, ಅಂದರೆ ನನ್ನ ಅತ್ತೆ, ನಡುಮನೆಯಲ್ಲಿ ಕೂತು ಆ ಕಥೆ ಕೇಳುತ್ತಿದ್ದಳು. ಒಂದೊಂದು ಪುಟ ಓದಿ ನಾನು ಕನ್ನಡದಲ್ಲಿ ಹೇಳುತ್ತಿದ್ದೆ. ತಲೆಯ ಮೇಲೆ ಅಟ್ಟ; ಅದರ ತುಂಬ ಕೊಬ್ಬರಿಯಾಗಲೆಂದು ಹಾಕಿದ್ದ ತೆಂಗಿನಕಾಯಿ. ಮಧ್ಯಾಹ್ನ ಕರೆಂಟು ಹೋಗಿ ಫ್ಯಾನು ನಿಂತರೆ, ಅಟ್ಟದ ಕತ್ತಲೆಯಿಂದ ಟಕ್ ಎಂದೊಂದು ಸದ್ದು ಬರುತ್ತಿತ್ತು. ನಾನು ಬೆಚ್ಚಿದರೆ, ಒಣಗಿದ ಕೊಬ್ಬರಿ ಚಿಪ್ಪು ಬಿಡುವ ಸದ್ದು ಅದು ಎಂದು ಅತ್ತೆ ಸಮಾಧಾನ ಹೇಳುತ್ತಿದ್ದಳು.

ಈ ಜನ ನಮ್ಮ ಪಕ್ಕದ ದಂಡಿನಶಿವರದವರೇನೇ ಎಂದು ಅವಳು ಕೇಳಿದ್ದೂ ಉಂಟು. ಅವಳ ನಗು ಮೂಗಿನಲ್ಲಿ ಶುರುವಾಗಿ ಕೆಮ್ಮಿನಲ್ಲಿ ಮುಗಿಯುತ್ತಿತ್ತು. ಆದರೆ ಹೆಣ್ಣು ಕೇಳಲು ಬಂದ ಗಂಡೊಬ್ಬ ತನ್ನ ಗುಣಗಾನ ತಾನೇ ಮಾಡಿಕೊಳ್ಳುವ ಭಾಗ ಬಂದಾಗ, ನಾನು ಹೊಟ್ಟೆ ಹಿಡಿದುಕೊಂಡು ನಕ್ಕರೂ ಅತ್ತೆ ನಗಲಿಲ್ಲ.

“ಇನ್ನು ಮನೆ ವಿಷ್ಯ ತೆಗೀತಾನೆ ನೋಡು” ಎಂದಳು.

ಪುಟ ತಿರುಗಿಸಿದೆ. ತೆಗೆದೇಬಿಟ್ಟಿದ್ದ. ನಿನಗೆ ಹೇಗೆ ಗೊತ್ತಾಯಿತು ಎಂದು ಅತ್ತೆಯನ್ನು ಕೇಳಿದೆ.

“ನನ್ನ ನೋಡಾಕೆ ಬಂದೋನೂ ಹಿಂಗೇ ಮಾತಾಡಿದ್ದ ಕಣೇ. ಅವತ್ತೇ ನಗಬೇಕಾಗಿತ್ತು. ತಡ್ಕಂಡೆ.”

ಹೇಳಿ, ಆ ನಗು ಇನ್ನೂ ಅಲ್ಲೇ ಇದೆಯೆನ್ನುವ ಹಾಗೆ ಗಂಟಲು ಮುಟ್ಟಿಕೊಂಡಳು. ಆ ಮದುವೆಯನ್ನು ಅಪ್ಪನೇ ಮುಂದೆ ನಿಂತು ಮಾಡಿಸಿದ್ದರು. ಗಂಡನ ಮನೆಯಲ್ಲಿ ಅವಳು ಪಟ್ಟ ಪಾಡು ಎಲ್ಲರಿಗೂ ಗೊತ್ತಿತ್ತು, ಯಾರೂ ಅದರ ಮಾತೆತ್ತುತ್ತಿರಲಿಲ್ಲ.

ಪುಸ್ತಕ ಮುಗಿಯುವ ಮೊದಲೇ ಅತ್ತೆ ಜ್ವರ ಬಂದು ತೀರಿಕೊಂಡಳು. ಅವಳ ವರ್ಷದ ಕಾರ್ಯ ಮುಗಿದ ಮೇಲೆ ಚಿಕ್ಕನಾಯಕನಹಳ್ಳಿ ಕಡೆಯ ಗಂಡೊಬ್ಬ ಮನೆಯವರೊಡನೆ ನನ್ನನ್ನು ನೋಡಲು ಬಂದ. ಅಪ್ಪ ಮನಸ್ಸಿನಲ್ಲೇ ಒಪ್ಪಿಬಿಟ್ಟಿದ್ದರು. ನನಗೆ ಇಷ್ಟವಿರಲಿಲ್ಲ, ಬೇಡವೆನ್ನುವ ಧೈರ್ಯವೂ ಇರಲಿಲ್ಲ. ಉಪ್ಪಿಟ್ಟಿನ ತಟ್ಟೆ ಕೊಟ್ಟು, ನಡುಮನೆಯ ಗೋಡೆಗೊರಗಿ ತಲೆ ತಗ್ಗಿಸಿ ನಿಂತೆ. ಅವನು ತನ್ನ ಸಂಬಳ ಹೇಳಿದ. ತನ್ನ ಸರಳತೆಯನ್ನೂ ಸಂಬಳದ ಹಾಗೆಯೇ ಹೇಳಿಕೊಂಡ. ತನಗೆ ಹೆಣ್ಣು ಕೊಡಲು ಸಾಲುಗಟ್ಟಿ ನಿಂತವರ ವಿಚಾರವೂ ಆಯಿತು. ಆಮೇಲೆ ಸ್ವಲ್ಪ ತಡೆದು, “ಇನ್ನು ಮನೆ ವಿಷಯಕ್ಕೆ ಬಂದ್ರೆ...” ಎಂದ.

ಅಟ್ಟದಲ್ಲಿ ಟಕ್ ಎಂದಿತು.

ಅದರ ಹಿಂದೆಯೇ ನಗು ಕೇಳಿಸಿತು. ಮೂಗಿನಲ್ಲಿ ಶುರುವಾದ ಅತ್ತೆಯ ನಗು. ಅಪ್ಪ ಥಟ್ಟನೆ ತಲೆಯೆತ್ತಿ ಅಟ್ಟ ನೋಡಿದರು. ನಾನೂ ನೋಡಿದೆ. ಬಂದವರು ಮಾತ್ರ ನನ್ನನ್ನೇ ನೋಡುತ್ತಿದ್ದರು. ಕೆಮ್ಮು ಬಂದು ಗಂಟಲು ಉರಿದಾಗಲೇ, ನಕ್ಕವಳು ನಾನೆಂದು ನನಗೆ ತಿಳಿದದ್ದು.

ಅವರು ತಟ್ಟೆಗಳನ್ನು ಹಾಗೆಯೇ ಬಿಟ್ಟು ಎದ್ದು ಹೋದರು. ಅಪ್ಪ ಬೈಯುತ್ತಾರೆಂದು ಕಾದೆ. ಅವರು ಅಟ್ಟದ ಏಣಿ ಹಿಡಿದು ಬಹಳ ಹೊತ್ತು ಮೇಲೆ ನೋಡುತ್ತ ನಿಂತಿದ್ದರು.

“ಅವ್ಳು ಅವತ್ತು ಹಿಂಗೆ ನಕ್ಬುಟ್ಟಿದ್ರೆ, ನಾನು ಕೊಡ್ತಾನೇ ಇರ್ಲಿಲ್ಲ ಕಣಮ್ಮ” ಎಂದರು.