ಶೇಂಗಾ ಸಿಪ್ಪೆಯ ಸಪ್ಪಳ

ಮೊದಲೇ ಒಪ್ಪಿಕೊಂಡುಬಿಡುತ್ತೇನೆ ಮೊಮ್ಮಕ್ಕಳೇ, ನಿಮ್ಮ ಆಯಿಗೆ ಹೊಟ್ಟೆಕಿಚ್ಚು ಬಹಳ. ಬೇರೆಯವರ ಸೀರೆ, ಬಂಗಾರ ನೋಡಿದರೆ ನನಗೇನೂ ಆಗುವುದಿಲ್ಲ. ಆದರೆ ಒಬ್ಬರು ಮಾತಾಡುವಾಗ ನಾಲ್ಕು ಜನ ಕಿವಿಗೊಟ್ಟು ಕೂತಿದ್ದರೆ ಸಾಕು, ನನ್ನೊಳಗೆ ಒಲೆ ಹೊತ್ತಿಕೊಳ್ಳುತ್ತದೆ. ನಾನು ನಾಲ್ಕು ಜನರ ಮುಂದೆ ಬಾಯಿ ತೆರೆದವಳಲ್ಲ, ಅದಕ್ಕೇ ಇರಬೇಕು.

ನಾನು ಹಳ್ಳಿಯ ಶಾಲೆಯಲ್ಲಿ ಏಳನೆಯ ತರಗತಿಯವರೆಗೆ ಕಲಿತವಳು. ಪಾಠದಲ್ಲಿ ‘ಸದ್ದು’ ಎಂದು ಬರೆದಿತ್ತು. ಪದ್ಯ ಹೇಳಿಸುವಾಗ ಮಾಸ್ತರರು ‘ನಾದ’ ಎನ್ನುತ್ತಿದ್ದರು. ಮನೆಯಲ್ಲಿ ಇದ್ದದ್ದು ‘ಸಪ್ಪಳ’ ಒಂದೇ, ಅದೂ ಬೈಗುಳದ ಜೊತೆಗೆ. ‘ಸಪ್ಪಳ ಮಾಡಬ್ಯಾಡ’ ಎಂದು ಅವ್ವ ಹೇಳಿದಳು, ಆಮೇಲೆ ಅತ್ತೆ ಹೇಳಿದರು. ನನ್ನ ಗಂಡ, ಅಂದರೆ ನಿಮ್ಮ ಮುತ್ಯಾ, ಹೇಳಲಿಲ್ಲ. ಅಷ್ಟರಲ್ಲಿ ನನಗೇ ರೂಢಿಯಾಗಿತ್ತು. ಅವರು ತೀರಿಕೊಂಡ ಮೇಲೆ ನನ್ನ ಕೈಬಳೆಯ ಸಪ್ಪಳವೂ ನಿಂತಿತು.

ಹೀಗಿರುವಾಗ ಸಪ್ಪಳವನ್ನೇ ಹುಡುಕಿಕೊಂಡು ಒಬ್ಬಳು ಬಂದಳು. ಹೆಸರು ಮೇಘನಾ, ಮೈಸೂರು ಕಡೆಯ ಹುಡುಗಿ. ವೀಣೆ, ತಬಲಾ ಏನೂ ಇಲ್ಲದೆ ಗಾಳಿ, ಹಕ್ಕಿ, ಮಣ್ಣಿನಿಂದಲೇ ಸಂಗೀತ ಕಟ್ಟುತ್ತಾಳಂತೆ. ಕಮಲಾಪುರದಲ್ಲಿ ನನ್ನ ನೆಗೆಣ್ಣಿ, ಮೈದುನನ ಹೆಂಡತಿ, ಅಂದರೆ ನಿಮ್ಮ ಸಣ್ಣಾಯಿ ಕಾಶಿಯ ಕೆಂಪು ಬಾಳೆಯ ತೋಟವೂ ಪಕ್ಕದ ತೊಗರಿ ಹೊಲವೂ ಅವಳಿಗೆ ಹಿಡಿಸಿದವು. ನಾನೂ ಕಲಬುರಗಿಯಿಂದ ನೋಡಲು ಹೋದೆ. ಹುಡುಗಿ ಬಿರುಕು ಬಿಟ್ಟ ಕರಿಮಣ್ಣಿಗೆ ಮೈಕು ಹಿಡಿದು ಬೋರಲು ಮಲಗಿದ್ದಳು.

“ಯಕ್ಕಾ, ಭೂಮಿಗಿ ಜ್ವರ ಬಂದದೇನಂತ ನೋಡಾಕತ್ಯಾಳ” ಎಂದಳು ಕಾಶಿ.

ಮಧ್ಯಾಹ್ನ ಕಾಶಿ ಮೊರ ಹಿಡಿದು ತೊಗರಿ ಕೇರತೊಡಗಿದಳು. ಬೇಕೆಂದೇ ಕೈ ಕುಣಿಸುತ್ತಿದ್ದಳು, ನನಗೆ ಗೊತ್ತಾಗದೆ ಇರುತ್ತದೆಯೇ? “ಅಜ್ಜಿ, ನಿಮ್ಮ ಬಳೆ ಎಷ್ಟು ಚೆನ್ನಾಗಿ ಕೇಳಿಸುತ್ತೆ” ಎಂದು ಮೇಘನಾ ಮೈಕನ್ನು ಅವಳ ಕೈ ಹತ್ತಿರವೇ ಇಟ್ಟಳು. ನಾನು ಸೆರಗಿನೊಳಗೆ ನನ್ನ ಬರಿಗೈ ಇಟ್ಟುಕೊಂಡೆ.

ಆದರೆ ನನಗೂ ಒಂದು ಸಪ್ಪಳ ಗೊತ್ತಿತ್ತು. ಕಾಶಿಗೆ ಗೊತ್ತಿಲ್ಲದ್ದು. ಧೈರ್ಯ ಮಾಡಿ ಹತ್ತಿರ ಹೋದೆ. “ತಂಗಿ, ಬಾಳಿ ಎಲಿ ಮೊದಲ್ನೇ ಸಲ...” ಎನ್ನುವಷ್ಟರಲ್ಲಿ ಅವಳು ತುಟಿಯ ಮೇಲೆ ಬೆರಳಿಟ್ಟಳು.

“ಅಜ್ಜಿ, ಸ್ವಲ್ಪ ಸುಮ್ಮನಿರಿ. ರೆಕಾರ್ಡ್ ಆಗ್ತಿದೆ.”

ಊರಿನ ಸಪ್ಪಳವೆಲ್ಲ ಬೇಕಾದವಳಿಗೆ ನನ್ನದೊಂದು ಬೇಡವಾಯಿತು. ಹೊಲದ ಅಂಚಿನ ಬೇವಿನ ಗಿಡದ ಕೆಳಗೆ ಮೈಕಿಗೆ ಬೆನ್ನು ಮಾಡಿ ಕೂತೆ. ರೊಟ್ಟಿಗೆ ಹಚ್ಚಿಕೊಳ್ಳುವ ಹಿಂಡಿ ಕುಟ್ಟಲು ತಂದಿಟ್ಟ ಒಣ ಶೇಂಗಾದ ಬುಟ್ಟಿ ಅಲ್ಲೇ ಇತ್ತು. ಒಂದೊಂದು ಕಾಯಿಗೂ ಒಂದೊಂದು ಹೆಸರಿಟ್ಟು ಒಡೆದೆ. ಹೆಚ್ಚಿನವಕ್ಕೆಲ್ಲ ಕಾಶಿ ಎಂದೇ ಹೆಸರು.

ಎರಡು ತಿಂಗಳಾದ ಮೇಲೆ ಕಲಬುರಗಿಯ ಒಂದು ಸಭಾಂಗಣದಲ್ಲಿ ಆ ಸಂಗೀತ ಕೇಳಿಸಿದರು. ಮೊದಲು ಗಾಳಿ ಬಂತು, ಆಮೇಲೆ ಹಕ್ಕಿ. ಅದರ ನಡುವೆ ಪಟ್... ಪಟ್ ಪಟ್... ಪಟ್. ಕೊನೆಯವರೆಗೂ ಅದೇ ತಾಳ. ಮುಗಿದ ಮೇಲೆ ಮೇಘನಾ ವೇದಿಕೆಯಿಂದ ಹೇಳಿದಳು: “ಇದು ನಿಮ್ಮೂರ ಬಿಸಿಲಿಗೆ ತೊಗರಿಕಾಯಿ ಸಿಡಿಯೋ ಸದ್ದು. ಇಡೀ ರಚನೆ ನಿಂತಿರೋದೇ ಇದರ ಮೇಲೆ.” ಜನ ಚಪ್ಪಾಳೆ ತಟ್ಟಿದರು.

ನನ್ನ ಪಕ್ಕದಲ್ಲಿದ್ದ ಕಾಶಿ ಎದ್ದು ನಿಂತಳು. “ಏ ತಂಗಿ, ಅದು ತೊಗರಿ ಅಲ್ಲ. ನಮ್ಮಕ್ಕ ಸಿಟ್ಟಿಲೆ ಶೇಂಗಾ ಒಡಿಯಾಕತ್ತಿದ್ಲು. ನನ್ನ ಕೈಬಳಿ ಸಪ್ಪಳ ಎಲ್ಲಿ ಹೋತು?”

ಸಭೆಯೆಲ್ಲ ನಕ್ಕಿತು. ನಾನು ಸೆರಗು ಮುಖಕ್ಕೆ ಎಳೆದುಕೊಂಡೆ. ಮೇಘನಾ ಕೆಳಗಿಳಿದು ಬಂದು ನನ್ನ ಕುರ್ಚಿಯ ಹತ್ತಿರ ನೆಲಕ್ಕೇ ಕೂತಳು. ಅವಳೂ ನಗುತ್ತಿದ್ದಳು, ಆದರೆ ಕಿವಿ ಕೆಂಪಾಗಿತ್ತು.

“ಸಿಟ್ಟು ಯಾಕೆ ಅಜ್ಜಿ?”

“ನೀ ಸುಮ್ಮನಿರು ಅಂದಿದ್ಯಲ್ಲವ್ವಾ.”

“ಅವತ್ತು ಏನು ಹೇಳೋಕೆ ಬಂದಿದ್ರಿ? ಈಗ ಹೇಳಿ.” ಮೈಕು ನನ್ನ ಬಾಯಿಯ ಹತ್ತಿರ ಬಂತು. ಸಭೆ ಸುಮ್ಮನಾಯಿತು. ಇಷ್ಟು ಜನ ನನಗಾಗಿ ಸುಮ್ಮನಾದದ್ದು ಅದೇ ಮೊದಲು.

ಮುಖದ ಮೇಲಿನ ಸೆರಗು ಸರಿಸಿ ಹೇಳಿದೆ. “ಬಾಳಿದು ಹೊಸಾ ಎಲಿ ಇಡೀದೇ ಇರ್ತದ. ಮೊದಲ್ನೇ ಸಲ ಗಾಳಿಗಿ ಹರಿವಾಗ ಬಟ್ಟಿ ಅಂಗಡ್ಯಾಗ ಹೊಸಾ ಅರಿವಿ ಹರದಂಗ ಒಂದ್ ಸಪ್ಪಳ ಬರ್ತದ. ಆಮ್ಯಾಲ ಅದು ದಿನಾ ಬಡಕೋತದ, ಖರೆ ಆ ಸಪ್ಪಳ ಒಮ್ಮಿನೇ. ಕೇಳಬೇಕಂದ್ರ ಭಾಳೊತ್ತು ಮಾತಾಡದೆ ಕುಂದರಬೇಕು.”

ಮೇಘನಾ ಮರುದಿನವೇ ಮತ್ತೆ ಕಮಲಾಪುರಕ್ಕೆ ಹೋದಳು, ಈ ಸಲ ನನ್ನನ್ನು ಕರೆದುಕೊಂಡು.

ಈಗ ಕಾಶಿ ನಮ್ಮ ಮನೆಗೆ ಬಂದರೆ ಶೇಂಗಾ ಬುಟ್ಟಿಯನ್ನು ತಾನೇ ಎಳೆದುಕೊಳ್ಳುತ್ತಾಳೆ. ಎಷ್ಟು ಒಡೆದರೂ ಆ ಸಪ್ಪಳ ಬರುವುದಿಲ್ಲ. ಕಾಯಿ ಒಣಗಿದರೆ ಸಾಲದು, ಒಡೆಯುವವರ ಹೊಟ್ಟೆಯೂ ಸ್ವಲ್ಪ ಉರಿಯುತ್ತಿರಬೇಕೆಂದು ನಾನು ಅವಳಿಗೆ ಹೇಳಿಲ್ಲ. ನಿನ್ನೆ ಅವಳ ಶೇಂಗಾ ಸಪ್ಪಳವನ್ನು ಅಡುಗೆಮನೆಯಿಂದ ಕೇಳಿಸಿಕೊಂಡೆ. ಹದಕ್ಕೆ ಬರತೊಡಗಿದೆ.