ನಾನು ಬರೆಯದ ನೂರ ಮೂವತ್ತೇಳನೆಯ ಸಾಲು

ವಿವರಣೆಗೆ ಸಿಗದ ಇಂಥ ಅನುಭವಗಳನ್ನು ಯಾರಾದರೂ ಹೇಳತೊಡಗಿದರೆ ನಾನು ಮೊದಲು ಕೇಳುತ್ತಿದ್ದುದು ತಾರೀಖನ್ನು. ಹೇಳುವವರು ತಡವರಿಸಿದರೆ ನನ್ನ ನಂಬಿಕೆ ಅಲ್ಲಿಗೆ ಮುಗಿಯುತ್ತಿತ್ತು. ಹದಿಮೂರನೆಯ ವಯಸ್ಸಿನಿಂದ ದಿನಚರಿ ಬರೆಯುತ್ತಿದ್ದೇನೆ. ತಪ್ಪಿದ ರೈಲು, ಓದಿದ ಪುಟ, ಎಲ್ಲಕ್ಕೂ ಲೆಕ್ಕವಿದೆ. ಈಗ ಹೇಳಹೊರಟಿದ್ದೂ ನನ್ನ ಪುಸ್ತಕದಲ್ಲೇ ಇದೆ. ತೊಂದರೆ ಇರುವುದೇ ಅಲ್ಲಿ.

ಮೂರು ವರ್ಷಗಳ ಹಿಂದೆ ಲಂಡನ್ನಿನ ಅಂಚಿನ ಹೇಸ್‌ನಲ್ಲಿ ಲುಚಿಯಾ ಎಂಬ ಇಟಲಿಯ ಅಜ್ಜಿಯ ಮನೆಯ ಮೇಲಿನ ಕೋಣೆಯಲ್ಲಿ ಬಾಡಿಗೆಗಿದ್ದೆ. ಜೀವನವಿಡೀ ಕೆಫೆ ನಡೆಸಿದವರು. ಆದರೆ ಅವರದು ದಕ್ಷಿಣ ಇಟಲಿಯ ದೊಡ್ಡ ಮನೆತನ. ಸುಮಾರು ಸಾವಿರ ವರ್ಷಗಳ ಹಿಂದೆ ಫ್ರಾನ್ಸಿನ ಉತ್ತರ ತೀರದಿಂದ ಸಂಬಳಕ್ಕೆ ಯುದ್ಧ ಮಾಡಲು ಬಂದ ನಾರ್ಮನ್ ಸೈನಿಕರು ಅಲ್ಲೇ ಕೋಟೆ ಕಟ್ಟಿ ಒಡೆಯರಾದರಲ್ಲ, ಅವರಲ್ಲೊಬ್ಬನ ಸಂತತಿ. ಊರಿನ ದಾಯಾದಿಗಳು ಮನೆತನದ ಚರಿತ್ರೆಯನ್ನು ಅಚ್ಚು ಹಾಕಿಸುತ್ತಿದ್ದರು. ಲುಚಿಯಾರ ಕವಲನ್ನು ಮಾತ್ರ ಬಿಟ್ಟಿದ್ದರು. ಒಂದು ತಲೆಮಾರಿನಲ್ಲಿ ಗಂಡು ಮಕ್ಕಳಿಲ್ಲ, ಆಮೇಲಿನವರು ಒಡೆಯರ ಹೆಸರು ಹಾಕಿಕೊಂಡ ಒಕ್ಕಲುಗಳು ಎಂಬುದು ಅವರ ವಾದ.

"ನಾವೂ ಆ ಮನೆತನದವರೇ ಅಂತಿದ್ದ ನನ್ನ ಅಪ್ಪ ಸುಳ್ಳುಗಾರ ಅಂತ ಅಚ್ಚಾಗುತ್ತೆ," ಎಂದರು ಲುಚಿಯಾ. ಆರು ವಾರಗಳ ಗಡುವು; ಕೊನೆಯ ಶುಕ್ರವಾರದೊಳಗೆ ಪತ್ರದ ಸಾಕ್ಷಿ ಕೊಟ್ಟರಷ್ಟೇ ಉಳಿಗಾಲ.

ಮಧ್ಯಯುಗದ ಚರಿತ್ರೆ ಓದಿದ್ದರಿಂದ ಹುಡುಕುವ ಕೆಲಸ ನನ್ನ ಪಾಲಿಗೆ ಬಂದಿತ್ತು. ಆ ಮನೆತನದ ಹಳೆಯ ಪತ್ರಗಳು ಲಂಡನ್ನಿನ ಒಂದು ಗ್ರಂಥಾಲಯ ಸೇರಿದ್ದವು. ಆರು ಶನಿವಾರಗಳಲ್ಲಿ ನೂರ ಮೂವತ್ತಾರು ಪತ್ರ ನೋಡಿ, ನನ್ನ ಪುಸ್ತಕದಲ್ಲಿ ಒಂದೊಂದಕ್ಕೂ ಒಂದು ಸಾಲಿನಂತೆ ಸಂಖ್ಯೆ, ನೋಡಿದ ತಾರೀಖು, ಸಮಯ, ಪೆಟ್ಟಿಗೆ ಬರೆದುಕೊಂಡಿದ್ದೆ. ಅಪ್ಪ, ಮಗ, ಮೊಮ್ಮಗ ಎಂದು ವಂಶಾವಳಿಯನ್ನೂ ಬರೆದಿದ್ದೆ. ಆ ಒಂದು ತಲೆಮಾರು ಖಾಲಿಯೇ ಉಳಿಯಿತು.

ಕೊನೆಯ ವಾರದ ಸೋಮವಾರ ಬ್ಯಾಂಕ್ ಹಾಲಿಡೇ, ದೇಶಕ್ಕೆಲ್ಲ ರಜೆ, ಗ್ರಂಥಾಲಯ ಮುಚ್ಚಿತ್ತು. ಲಂಡನ್ನಿನದೇ ಹ್ಯಾರೋದಲ್ಲಿ ಅಕ್ಕನ ಮಗುವಿನ ನಾಮಕರಣ. ಊಟಕ್ಕೆ ಮೊದಲು ಅಮ್ಮ ನನ್ನ ಪುಸ್ತಕ ತಿರುವಿ ಹಾಕಿ, ಕುಂದಾಪುರದ ಮಾತಿನಲ್ಲಿ ಕೇಳಿದರು: "ಇದ್ರಲ್ ಒಂದ್ ಹೆಣ್ಣೂ ಇಲ್ಯಲೆ ಮಾರಾಯ್ತಿ. ಇವ್ರನ್ನೆಲ್ಲ ಹೆತ್ತದ್ ಯಾರ್?"

ಎಲ್ಲರೂ ನಕ್ಕರು. ನನಗೆ ನಾಚಿಕೆಯಾಯಿತು. ನಮ್ಮದು ಅಳಿಯಕಟ್ಟಿನ ಮನೆ; ಮನೆಯೂ ಬಳಿಯೆಂಬ ಕುಲದ ಹೆಸರೂ ತಾಯಿಯಿಂದ ಮಗಳಿಗೆ ಬರುವಂಥದ್ದು. ಅಂಥ ಮನೆಯಲ್ಲಿ ಹುಟ್ಟಿದ ನಾನು ಆರು ವಾರ ಬರೀ ಗಂಡಸರನ್ನು ಹುಡುಕಿದ್ದೆ.

ಸಂಜೆ ಹೇಸ್‌ಗೆ ಬಂದು ಪುಸ್ತಕ ತೆರೆದಾಗ ನೂರ ಮೂವತ್ತೇಳನೆಯ ಸಾಲು ತುಂಬಿತ್ತು. ಅಕ್ಷರ ನನ್ನದೇ. ಅದೇ ಸೋಮವಾರದ ತಾರೀಖು, ಮಧ್ಯಾಹ್ನ ಮೂರು ಹತ್ತು, ಪೆಟ್ಟಿಗೆ ನಲವತ್ತೊಂದು, 'ಸಿಬಿಲ್ಲಾ, ಒಬ್ಬಳೇ ಮಗಳು, ಮದುವೆಯ ಕರಾರು.' ಆ ಹೆಸರನ್ನು ನಾನು ಕೇಳಿಯೇ ಇರಲಿಲ್ಲ. ಮೂರು ಹತ್ತಕ್ಕೆ ನಾನು ತೊಟ್ಟಿಲು ತೂಗುತ್ತಿದ್ದೆ. ಭಾವನ ಫೋನಿನಲ್ಲಿ ಆ ಹೊತ್ತಿನ ಫೋಟೊ ಇದೆ.

ಮಂಗಳವಾರ ರಜೆ ಹಾಕಿ ನಲವತ್ತೊಂದನೆಯ ಪೆಟ್ಟಿಗೆ ತರಿಸಿದೆ. ಕಟ್ಟಿನ ಹಳೆಯ ದಾರ ಬಿಚ್ಚಿರಲಿಲ್ಲ. ನಾನು ಕೆಲಸ ಶುರುಮಾಡಿದ ಮೇಲೆ ಅದನ್ನು ಯಾರೂ ಕೇಳಿಲ್ಲವೆಂದು ಸಿಬ್ಬಂದಿ ದಾಖಲೆ ನೋಡಿ ಹೇಳಿದರು. ಮೂರನೆಯ ಪತ್ರದಲ್ಲಿ ಸಿಬಿಲ್ಲಾ ಸಿಕ್ಕಳು. ಗಂಡ ಅವಳ ಮನೆಗೆ ಬಂದಿರತಕ್ಕದ್ದು, ಮಕ್ಕಳು ತಾಯಿಯ ಮನೆತನದ ಹೆಸರು ಹೊರತಕ್ಕದ್ದು ಎಂದು ಲ್ಯಾಟಿನ್ನಿನಲ್ಲಿ ಸ್ಪಷ್ಟವಾಗಿ ಬರೆದು, ಮೊಹರು ಒತ್ತಿದ್ದರು. ಕೂಗಿಬಿಡಬೇಕೆನಿಸಿತು. ಅಲ್ಲಿ ಕೂಗುವಂತಿಲ್ಲ, ಬಾಯಿಗೆ ಶಾಲು ಒತ್ತಿ ಹಿಡಿದೆ.

ಕರಾರಿನ ನಕಲನ್ನು ಅಂದೇ ದಾಯಾದಿಗಳಿಗೆ ಕಳಿಸಿದೆವು; ಗುರುವಾರ ಅವರು ಒಪ್ಪಿ ಉತ್ತರ ಬರೆದರು. ಲುಚಿಯಾ ಅದನ್ನು ನನ್ನಿಂದ ಮೂರು ಸಲ ಓದಿಸಿ, ಊರಿಗೆ ಫೋನು ಮಾಡಿ, ಎದ್ದು ನಿಂತೇ ಮಾತಾಡಿದರು. ತಂದೆಯ ಫೋಟೊವನ್ನು ಕೆಫೆಯ ಕಾಲದ ಕಪ್ಪುಗಳ ನಡುವಿನಿಂದ ತೆಗೆದು ಬೀದಿಯ ಕಡೆಯ ಕಿಟಕಿಯಲ್ಲಿಟ್ಟರು.

ಅಚ್ಚಾದ ಮನೆತನದ ಚರಿತ್ರೆಯಲ್ಲಿ ಅವರ ಕವಲಿಗೆ ಈಗ ಎರಡು ಪುಟಗಳಿವೆ. ಅಡಿಯಲ್ಲಿ 'ಕರಾರನ್ನು ಪತ್ತೆಹಚ್ಚಿದವರು' ಎಂದು ನನ್ನ ಹೆಸರು. ನಡೆದದ್ದನ್ನೆಲ್ಲ ಲುಚಿಯಾರಿಗೆ ಹೇಳಿ, ನನ್ನ ಹೆಸರು ಬೇಡವೆಂದಿದ್ದೆ; ಅವರು ಕೇಳಲಿಲ್ಲ. ಅಲ್ಲಿ ನಿಜವಾಗಿ ಯಾರ ಹೆಸರಿರಬೇಕಿತ್ತೋ ನನಗೆ ಇಂದಿಗೂ ತಿಳಿಯದು.